ಅವ್ವನ ಮೀಟರ್‌ಗೇಜ್ ರೈಲು

ಚಳ್ಳಕೆರೆಗೆ ಇನ್ನೂ ಮೀಟರ್‌ಗೇಜ್ ಎಂಬ ಸಣ್ಣ ಹಳಿಯ ರೈಲು ಬರುತ್ತಿದ್ದ ಕಾಲ ಅದು. ಎಣ್ಣೆ ಮಿಲ್ಲುಗಳ ಶೇಂಗಾ ಹಿಂಡಿಯ ವಾಸನೆ ಸ್ಟೇಷನ್ನಿನವರೆಗೂ ಹರಡಿರುತ್ತಿತ್ತು. ನಾವು ಹುಡುಗಿಯರು ಹಳಿಯ ಮೇಲೆ ಮೊಳೆ ಇಟ್ಟು, ರೈಲು ಹೋದ ಮೇಲೆ ಚಪ್ಪಟೆಯಾಗಿ ಬಿಸಿಬಿಸಿಯಾಗಿದ್ದದ್ದನ್ನು ಹೆಕ್ಕಿಕೊಳ್ಳುತ್ತಿದ್ದೆವು.

ನಾನಾಗ ಆರನೇ ಕ್ಲಾಸು. ಅಮೆರಿಕದ ಬಯಲಿನಲ್ಲಿ ಮೊದಲು ಹಳಿ ಬಂತು, ರೈಲು ನಿಂತಲ್ಲೆಲ್ಲ ಊರು ಹುಟ್ಟಿತು, ರೈಲು ನಿಲ್ಲದಾದಾಗ ಎಷ್ಟೋ ಊರು ಪಾಳುಬಿದ್ದವು ಎಂದು ಸಮಾಜ ಪಾಠದ ಮೇಷ್ಟ್ರು ಹೇಳಿದರು. ನಮ್ಮ ಹಳಿಯನ್ನೂ ಕಿತ್ತು ದೊಡ್ಡ ಹಳಿ ಹಾಕುತ್ತಾರಂತೆ, ಕಿತ್ತ ಮೇಲೆ ಆ ಕೆಲಸ ಮುಗಿಯುವವರೆಗೆ ರೈಲಿಲ್ಲ ಎಂದೂ ಹೇಳಿದರು. ಅವತ್ತಿನಿಂದ ನನಗೆ ಕೂತಲ್ಲಿ ಕೂರಲಾಗಲಿಲ್ಲ. ಅಪ್ಪನೊಂದಿಗೆ ಜಗಳವಾಡಿ ಅವ್ವ ಮೊಳಕಾಲ್ಮೂರಿನ ತವರಿಗೆ ಹೋಗಿ ಹದಿನೈದು ದಿನವಾಗಿತ್ತು. ಬಸ್ಸು ಹತ್ತಿದರೆ ಅವಳಿಗೆ ವಾಂತಿ. ಹೋಗುವುದೂ ಬರುವುದೂ ರೈಲಿನಲ್ಲೇ. ಹಳಿ ಕಿತ್ತರೆ ಅವಳು ಅಲ್ಲೇ ಉಳಿದುಬಿಡುತ್ತಾಳೆ ಎಂಬ ದಿಗಿಲು ನನಗೆ.

ಒಂದು ಬೆಳಿಗ್ಗೆ ಸ್ಕೂಲಿಗೆಂದು ಹೊರಟವಳು ರೈಲು ಹತ್ತಿಬಿಟ್ಟೆ. ಎದುರಿಗೆ ಕಂಬಳಿ ಗಂಟು ಇಟ್ಟುಕೊಂಡ ಮುದುಕಿಯೊಬ್ಬಳು ಕೂತಿದ್ದಳು. ಒಬ್ಬಳೇ ಬಂದೆಯಾ ಎಂದು ವಿಚಾರಿಸಿ, ತನ್ನ ಬುತ್ತಿಯಿಂದ ಅರ್ಧ ರೊಟ್ಟಿ, ಶೇಂಗಾ ಚಟ್ನಿ ಕೊಟ್ಟಳು. ತಳಕು ಸ್ಟೇಷನ್ನಿನಲ್ಲಿ ರೈಲು ಸುಮ್ಮನೆ ನಿಂತುಕೊಂಡಾಗ, ಇಳಿದು ಹಿಂದಿನಿಂದ ತಳ್ಳಿಬಿಡೋಣ ಅನ್ನಿಸಿತು. ಮೊಳಕಾಲ್ಮೂರಿನಲ್ಲಿ ಸ್ಟೇಷನ್ನಿನಿಂದ ಊರು ದೂರ. ಮುದುಕಿಯೇ ನನ್ನನ್ನು ಅಜ್ಜಿಯ ಮನೆವರೆಗೂ ಬಿಟ್ಟುಹೋದಳು.

ಅವ್ವ ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ರೇಷ್ಮೆ ಸೀರೆ ನೇಯುತ್ತಿದ್ದಳು. ನನ್ನನ್ನು ಕಂಡು ಕೈ ನಿಂತಿತು.

"ನಿಮ್ಮಪ್ಪ ಕಳಿಸಿದ್ನಾ?"

"ಇಲ್ಲ. ಹಳಿ ಕೀಳ್ತಾರಂತೆ ಅವ್ವ. ಆಮ್ಯಾಲೆ ನೀನು ಹೆಂಗೆ ಬರ್ತೀಯಾ?"

ಅವಳು ಎಳೆ ಸರಿಮಾಡಿ ಗುಂಡಿಯಿಂದ ಮೇಲೆದ್ದಳು. ಆಮೇಲೆ, "ಸಂಜೆ ರೈಲಿಗೆ ಹೋಗಣ, ಉಣ್ಣು ಮೊದ್ಲು" ಎಂದಳು.

ಚಳ್ಳಕೆರೆಯ ಪ್ಲಾಟ್‌ಫಾರಂನಲ್ಲಿ ಅಪ್ಪ ನಿಂತಿದ್ದ. ಊರೆಲ್ಲ ಹುಡುಕಿ ಅಲ್ಲಿಗೆ ಬಂದಿದ್ದನಂತೆ. ನನ್ನನ್ನು ಬೈಯಲಿಲ್ಲ. ಅವ್ವನ ಕೈಯಿಂದ ಚೀಲ ತೆಗೆದುಕೊಂಡು ಮುಂದೆ ನಡೆದ.

ಆ ವರ್ಷವೇ ಹಳಿ ಕಿತ್ತರು. ಆಮೇಲೂ ಇಬ್ಬರೂ ಎಷ್ಟೋ ಸಲ ಜಗಳವಾಡಿದರು. ಅವ್ವ ಬಾಗಿಲವರೆಗೆ ಹೋಗಿ, ತಿರುಗಿ ಬಂದು ಒಲೆ ಮುಂದೆ ಕೂರುತ್ತಿದ್ದಳು. ದೊಡ್ಡ ರೈಲು ಬರುವಷ್ಟರಲ್ಲಿ ತವರಿನಲ್ಲಿ ಅಜ್ಜಿಯೂ ಇರಲಿಲ್ಲ, ಮಗ್ಗವೂ ಇರಲಿಲ್ಲ. ಅವ್ವನನ್ನು ಮನೆಗೆ ತಂದುಕೊಟ್ಟ ರೈಲು ಎಂದೇ ನಾನು ಬಹಳ ವರ್ಷ ಅದನ್ನು ನೆನೆಯುತ್ತಿದ್ದೆ. ಕೋಪ ಬಂದ ದಿನ ಯಾರನ್ನೂ ಕೇಳದೆ ಎದ್ದು ಹೋಗಲು ಅವಳಿಗಿದ್ದದ್ದೂ ಅದೊಂದೇ ಎಂಬುದು, ನನಗೂ ಮದುವೆಯಾಗಿ ಕೆಲವು ವರ್ಷ ಕಳೆದ ಮೇಲೆ ಹೊಳೆಯಿತು.