ದುಂಡವ್ವನ ಬಲಗೈ

ನನ್ನ ಸಣ್ಣವ್ವ ದುಂಡವ್ವನಿಗೆ ಮೂಗಿನ ಮೇಲೆ ಸಿಟ್ಟು ಎಂದು ಬಿಜ್ಜರಗಿಯ ಜನ ಈಗಲೂ ಹೇಳುತ್ತಾರೆ. ಹೇಳಲಿ. ಆ ಸಿಟ್ಟು ಇಲ್ಲದಿದ್ದರೆ ಆಕೆಗೆ ಬಲಗೈ ಇರುತ್ತಿರಲಿಲ್ಲ.

ಎಪ್ಪತ್ನಾಲ್ಕರ ಮಾತು. ಆಕೆಯ ಗಂಡ ಅಮೋಘಿ ಕುರಿ ಹೊಡೆದುಕೊಂಡು ಕೃಷ್ಣಾ ದಂಡೆಗೆ ಹೋಗಿ ತಿಂಗಳಾಗಿತ್ತು. ಮನೆಯಲ್ಲಿ ಉಳಿದಿದ್ದ ಟಗರು ಹಗ್ಗ ಜಗ್ಗಿತು. ಹಗ್ಗ ಹಿಡಿದಿದ್ದ ದುಂಡವ್ವ ಬಲ ಅಂಗೈ ಊರಿ ಬಿದ್ದಳು. ಮಣಿಕಟ್ಟು ಸೌಟಿನ ಹಾಗೆ ಬಾಗಿತು. ಅತ್ತೆ ಹುಚ್ಚವ್ವ ಕುರಿಗಳ ಮುರಿದ ಕಾಲು ಕಟ್ಟುವುದರಲ್ಲಿ ಎತ್ತಿದ ಕೈ. ಸೊಸೆಗೂ ಅದನ್ನೇ ಮಾಡಿದಳು: ತತ್ತಿಯ ಲೋಳೆ, ಅರಿಶಿನ, ಬಿದಿರಿನ ಸೀಳು, ಮೇಲೆ ಬಿಗಿಯಾಗಿ ಅರಿವೆ. ಆದರೆ ಕುರಿಗೆ ಬಳೆ ಇರುವುದಿಲ್ಲ. ದುಂಡವ್ವನ ಆ ಕೈಯಲ್ಲಿ ಹನ್ನೆರಡು ಹಸಿರು ಗಾಜಿನ ಬಳೆ ಇದ್ದವು. ಗಂಡ ಪರವೂರಲ್ಲಿದ್ದಾಗ ಬಳೆ ಒಡೆಯುವುದೆಂದರೆ ಆ ಮನೆಯಲ್ಲಿ ಅವನ ಸಾವನ್ನು ಕರೆದಂತೆ. ಹೀಗಾಗಿ ಕಟ್ಟು ಬಳೆಗಳ ಮೇಲೆಯೇ ಬಿತ್ತು.

ಮೂರನೆಯ ದಿನ ಬೆರಳುಗಳು ಬಾತು ನೀಲಿಗಟ್ಟಿದವು. ಚಿವುಟಿದರೂ ಗೊತ್ತಾಗುತ್ತಿರಲಿಲ್ಲ. ಯಾರನ್ನೂ ಕೇಳದೆ ಆಕೆ ತಿಕೋಟಾದವರೆಗೆ ನಡೆದು ವಿಜಾಪುರದ ಬಸ್ಸು ಹತ್ತಿದಳು. ಹುಚ್ಚವ್ವ ಬೈಯುತ್ತಲೇ ಬೆನ್ನು ಹತ್ತಿದಳು.

ದವಾಖಾನೆಯಲ್ಲಿ ಡಾಕ್ಟರು ಕಟ್ಟು ಬಿಚ್ಚಿ ನೋಡಿ, "ಮೊದಲ ಬಳಿ ತಗೀಬೇಕವ್ವಾ. ರಕ್ತ ಆಡವಲ್ದು. ತಡಾ ಆದ್ರ ಬೆರಳು ಹೋಗ್ತಾವ," ಎಂದರು.

"ತಗೀಬ್ಯಾಡ್ರಿ ಯಪ್ಪಾ! ನನ್ನ ಮಗ ಜೀವಂತ ಅದಾನ," ಎಂದು ಹುಚ್ಚವ್ವ ಅಡ್ಡ ನಿಂತಳು. ಡಾಕ್ಟರು ಇಕ್ಕಳ ಹಿಡಿದ ಕೈ ಹಿಂದಕ್ಕೆ ತೆಗೆದುಕೊಂಡರು.

"ಕೊಡ್ರಿ ಇಲ್ಲಿ," ಎಂದು ದುಂಡವ್ವ ಎಡಗೈಯಿಂದ ಇಕ್ಕಳ ಕಸಿದುಕೊಂಡಳು. "ಪಾಪ ಬಂದ್ರ ನನಗ ಬರ್ಲಿ."

ಬಳೆಗಳ ಕೆಳಗೆ ಅರಳೆ ತುರುಕಿಸಿಕೊಂಡು ಹನ್ನೆರಡನ್ನೂ ತಾನೇ ಒಡೆದಳು. ಡಾಕ್ಟರು ಎಲುಬು ಜಗ್ಗಿ ಕೂಡಿಸಿ ಪ್ಲಾಸ್ಟರ್ ಹಾಕಿದರು. "ಆರು ವಾರ. ಕೈ ಮ್ಯಾಲ ಇಟ್ಕೊ, ಬೆರಳು ಆಡಸ್ಕೊಂತ ಇರು," ಎಂದರು.

ಬಳೆ ಒಡೆದುಕೊಂಡವಳೆಂದು ಆ ಆರು ವಾರ ಹುಚ್ಚವ್ವ ಆಕೆಯನ್ನು ಒಲೆಯ ಹತ್ತಿರ ಬಿಟ್ಟುಕೊಳ್ಳಲಿಲ್ಲ. ದುಂಡವ್ವ ಹೊರಗಿನ ಕಟ್ಟೆಯ ಮೇಲೆ, ಓಣಿಯವರಿಗೆಲ್ಲ ಕಾಣುವಂತೆ, ಪ್ಲಾಸ್ಟರಿನ ಕೈ ಎತ್ತಿ ಬೆರಳು ಮಡಚಿ ಬಿಚ್ಚುತ್ತ ಕೂತಳು. ಹೆದರಿಕೆ ಆಕೆಗೂ ಇತ್ತು. "ನಾಯಿ ಬೊಗಳಿದ್ರ ಎದಿ ಧಸಕ್ ಅಂತಿತ್ತು, ಆತನ ಸುದ್ದಿ ಏನರ ಬಂತೇನೋ ಅಂತ," ಎಂದು ನನಗೊಬ್ಬಳಿಗೇ ಹೇಳಿದ್ದಳು.

ಪ್ಲಾಸ್ಟರ್ ಕತ್ತರಿಸಿದಾಗ ಕೈ ಸೊರಗಿತ್ತು, ಮಣಿಕಟ್ಟು ಸೆಟೆದು ನಿಂತಿತ್ತು. ಬಿಸಿನೀರಲ್ಲಿ ಅದ್ದಿ, ಒದ್ದೆ ಅರಿವೆ ಹಿಂಡಿ ಹಿಂಡಿ ಅದಕ್ಕೆ ತಿರುಗುವುದನ್ನು ಕಲಿಸಿದಳು. ನೋವಿಗೆ ಬಾಯಿಗೆ ಬಂದಂತೆ ಬೈದಳು, ಬಿಡಲಿಲ್ಲ.

ಯುಗಾದಿಗೆ ನಾಲ್ಕು ದಿನ ಇರುವಾಗ ಅಮೋಘಿ ಗಟ್ಟಿಮುಟ್ಟಾಗಿ ಮರಳಿ ಬಂದ. ಮಗನ ಕಾಲಿಗೆ ನೀರು ಕೊಡುವ ಮೊದಲೇ ಹುಚ್ಚವ್ವ ದೂರು ಶುರುಮಾಡಿದಳು. "ನೀ ಜೀವಂತ ಇರೂವಾಗ ಬಳಿ ಒಡ್ಕೊಂಡಾಳಪ್ಪಾ. ದೇವ್ರು ದೊಡ್ಡಾಂವ, ನೀ ಉಳದಿ."

ಅಷ್ಟು ದಿನ ಅಳದಿದ್ದ ದುಂಡವ್ವ ಆಗ ಅತ್ತಳು. ದುಃಖಕ್ಕಲ್ಲ, ಸಿಟ್ಟಿಗೆ. ಅಳುತ್ತಲೇ ಡೊಂಕಾಗಿ ಕೂಡಿದ ಮಣಿಕಟ್ಟನ್ನು ಗಂಡನ ಮುಖದ ಮುಂದೆ ಹಿಡಿದಳು.

"ಬಳ್ಯಾಗ ನಿನ್ನ ಜೀವ ಐತಿ ಅಂತ ನಿಮ್ಮವ್ವ ಬಳಿ ಕಾಯ್ದಾಳ. ನನ್ನ ಕೈ ಕೊಳ್ಯಾಕತ್ತಿತ್ತು, ಅದನ್ನ ಯಾರು ಕಾಯಬೇಕಿತ್ತು? ಕೇಳು ಆಕಿನ್ನ. ನನ್ನ ಮುಂದನ ಕೇಳು."

ಅಮೋಘಿ ತಾಯಿಯ ಕಡೆ ತಿರುಗಿದ. ಹುಚ್ಚವ್ವ ಸೊಸೆಯ ಬೆರಳುಗಳನ್ನು ಒಂದೊಂದಾಗಿ ಮುಟ್ಟಿ ನೋಡಿದಳು.