ಅಕ್ಕೋರ ದರ್ಬಾರು

ಗಡ್ಡ ಅಂಟಿಸುವ ಗೋಂದಿನ ವಾಸನೆ ಇಷ್ಟು ವರ್ಷವಾದರೂ ಬದಲಾಗಿಲ್ಲ. ಕಳೆದ ತಿಂಗಳು ಬಾಗಲಕೋಟೆಯ ನವನಗರದ ಸಭಾಭವನದಲ್ಲಿ ಬಣ್ಣದ ಕೋಣೆಯ ಬಾಗಿಲು ಸರಿಸಿದ್ದೇ ತಡ, ಮೂಗಿಗೆ ಬಡಿಯಿತು... ಸ್ಪಿರಿಟ್ಟು, ರಾಳ, ಜೊತೆಗೆ ಯಾರೋ ತಿಂದು ಬಿಟ್ಟ ಚುರುಮುರಿಯ ಉಳ್ಳಾಗಡ್ಡಿ. ಕಾಲೇಜು ಹುಡುಗಿಯೊಬ್ಬಳು ಕನ್ನಡಿಯ ಮುಂದೆ ಮೀಸೆ ಒತ್ತಿಕೊಳ್ಳುತ್ತಿದ್ದಳು. ಅಕ್ಕೋರ ನಾಟಕದಲ್ಲಿ ರಾಜನೂ ಹೆಣ್ಣೇ, ಸೇನಾಪತಿಯೂ ಹೆಣ್ಣೇ. ಅಷ್ಟನ್ನಾದರೂ ಉಳಿಸಿದ್ದಾರಲ್ಲ ಎಂದುಕೊಂಡೆ.

ಅಂದು ಅಕ್ಕೋರು ತೀರಿಕೊಂಡು ವರ್ಷವಾದದ್ದಕ್ಕೆ ಒಂದು ಸ್ಮರಣೆ, ಅವರದೇ ನಾಟಕ. ಆಮಂತ್ರಣ ಪತ್ರಿಕೆಯಲ್ಲಿ ಅಕ್ಕೋರ ಫೋಟೋ ಅಂಚೆ ಚೀಟಿಯಷ್ಟಿತ್ತು, ಕಾರ್ಯಕ್ರಮ ನಡೆಸಿದ ವೇದಿಕೆಯ ಅಧ್ಯಕ್ಷರದು ಅಂಗೈಯಷ್ಟು. ಈ ಅಧ್ಯಕ್ಷರು ಅಕ್ಕೋರು ಬದುಕಿದ್ದಾಗ ಒಂದು ದಿನ ಅವರ ಮನೆಯ ಹೊಸ್ತಿಲು ತುಳಿದವರಲ್ಲ. ಈಗ ಮೈಕಿನ ಮುಂದೆ ನಿಂತು, ತಾಯಿ ಸಮಾನ, ತಾಯಿ ಸಮಾನ ಎಂದು ಗಂಟಲು ಕಟ್ಟಿಸಿಕೊಂಡರು. ಇವರು ಇಳಕಲ್ಲಿನ ಒಬ್ಬ ಸೀರೆ ಸಾಹುಕಾರರ ಮಗ. ಆ ಸಾಹುಕಾರರ ಸುದ್ದಿಯನ್ನೂ ಹೇಳಬೇಕು.

ನಮ್ಮ ಕಡೆ ಸಾಲಿ ಕಲಿಸುವ ಹೆಂಗಸರಿಗೆ ಅಕ್ಕೋರು ಎನ್ನುತ್ತೇವೆ. ಈ ಅಕ್ಕೋರು ಇಳಕಲ್ಲಿನಲ್ಲಿ ನನಗೆ ಇತಿಹಾಸ ಕಲಿಸಿದವರು. ಸಂಜೆ ಸಾಲಿ ಬಿಟ್ಟ ಮೇಲೆ ಚಾಲುಕ್ಯರ ಕಾಲದ ನಾಟಕ ಬರೆಯುವುದು, ನೇಕಾರರ ಓಣಿಯ ಹುಡುಗಿಯರನ್ನು ಕೂಡಿಸಿ ಆಡಿಸುವುದು, ಇದೇ ಅವರ ಸಂಸಾರ. ನಾನು ರಾಣಿಯ ಪಾತ್ರದವಳು. ಹಗಲು ಅಪ್ಪನ ಮಗ್ಗಕ್ಕೆ ನೂಲಿನ ಕಂಡಿಕೆ ಸುತ್ತುವುದು, ಸಂಜೆ ಸಿಂಹಾಸನ ಏರುವುದು.

ನಾಟಕಗಳು ಭಾರಿ ಚೆನ್ನಾಗಿದ್ದವು ಎಂದು ಅಧ್ಯಕ್ಷರ ಹಾಗೆ ನಾನು ಸುಳ್ಳು ಹೇಳಲಾರೆ. ಅಕ್ಕೋರ ರಾಣಿಯರೆಲ್ಲ ಕೊನೆಗೆ ಸಾಯುತ್ತಿದ್ದರು, ಸಾಯುವ ಮುನ್ನ ವಿಪರೀತ ಮಾತಾಡುತ್ತಿದ್ದರು. ಕೊನೆಯ ಮಾತು ಶುರುವಾಗುತ್ತಿದ್ದುದೇ "ಎಲೈ ವಾತಾಪಿಯ ಬಂಡೆಯೇ" ಎಂದು. ಮನೆಯಲ್ಲಿ "ಯವ್ವಾ, ರೊಟ್ಟಿ ಕೊಡು" ಎನ್ನುವ ನನ್ನ ನಾಲಿಗೆ ಆ ಎಲೈ ಹತ್ತಿರ ಎಡವುತ್ತಿತ್ತು. ಒಮ್ಮೆ ತಡೆಯದೆ ಕೇಳಿಬಿಟ್ಟೆ.

"ಅಕ್ಕೋರ, ಬಂಡಿಗಲ್ಲಿಗೆ ಎಲೈ ಅಂದ್ರ ಅದು ಕೇಳತೈತೇನ್ರಿ?"

"ಮಂದಿಕಿಂತ ಛಲೋ ಕೇಳತೈತಿ. ನಡುವ ಬಾಯಿ ಹಾಕಂಗಿಲ್ಲ," ಅಂದರು.

ಅವರು ಹಾಗೆ ಅಂದದ್ದಕ್ಕೆ ಕಾರಣವಿತ್ತು. ನಮ್ಮ ಹಳ್ಳಿಗಳ ನಾಟಕದಲ್ಲಿ ಆಯೇರಿ ಎಂಬ ಒಂದು ಪದ್ಧತಿ. ಊರಿನ ದೊಡ್ಡವರಿಗೆ ಪಾತ್ರ ಮೆಚ್ಚುಗೆಯಾದರೆ, ಅಥವಾ ತಮ್ಮ ಹೆಸರು ಮೈಕಿನಲ್ಲಿ ಕೇಳುವ ಆಸೆಯಾದರೆ, ನಾಟಕ ನಿಲ್ಲಿಸಿ ರಂಗದ ಮೇಲೆ ಹತ್ತಿ ಕಾಣಿಕೆ ಕೊಡುತ್ತಾರೆ. ಯುದ್ಧ ನಡೆದಿರಲಿ, ಹೆಣ ಬಿದ್ದಿರಲಿ, ಹೆಸರು ಕೂಗಲೇಬೇಕು. ಹುನಗುಂದದ ಹತ್ತಿರದ ಹಳ್ಳಿಯೊಂದರಲ್ಲಿ ನಮ್ಮ ಮೊದಲ ನಾಟಕ. ನಾನು ಕತ್ತಿಯಿಂದ ಇರಿದುಕೊಂಡು ಸತ್ತು ಬಿದ್ದಿದ್ದೆ. ಅಷ್ಟರಲ್ಲಿ ಮೈಕಿನವನು ರಾಣಿಯ ಪಾತ್ರಧಾರಿಗೆ ಆಯೇರಿ ಬಂದಿದೆ ಎಂದು ಕೂಗಿದ. ಸತ್ತವಳು ಎದ್ದೆ, ಆಯೇರಿ ಹಿಡಿದೆ, ಕೈಮುಗಿದೆ, ಮತ್ತೆ ಮಲಗಿ ಸತ್ತೆ. ಜನ ಬಿದ್ದು ಬಿದ್ದು ನಕ್ಕರು. ಇಳಕಲ್ಲಿನಲ್ಲಿ ಬಸ್ಸು ಇಳಿಯುವಾಗ ಅಕ್ಕೋರು ಒಂದೇ ಮಾತು ಅಂದರು: "ಇನ್ಮ್ಯಾಲೆ ನನ್ನ ರಾಣಿ ಕಡೀ ಮಾತು ಆಡೂ ಮುಂದ ಯಾರೂ ಮೈಕ್ ಹಿಡೀಬಾರದು."

ಬೇಡ ಎಂದರೆ ಕೇಳುವ ಮಂದಿಯೇ ಅದು? ಕೇಳುವುದಿಲ್ಲ ಎಂದು ಅಕ್ಕೋರಿಗೆ ಗೊತ್ತಿತ್ತು. ಅವರು ಬೇರೆ ಹಂಚಿಕೆ ಹಾಕಿದರು. ಮುಂದಿನ ನಾಟಕದ ನಡುವೆ ಒಂದು ದರ್ಬಾರು ಬರೆದರು. ಮಾಂಡಲಿಕ ರಾಜರು ಒಬ್ಬೊಬ್ಬರಾಗಿ ಬಂದು ರಾಣಿಗೆ ತಲೆಬಾಗಿ ಕಪ್ಪಕಾಣಿಕೆ ಒಪ್ಪಿಸುವ ದೃಶ್ಯ. ಆಯೇರಿ ಕೊಡುವವರೇ ಮಾಂಡಲಿಕರು. ನಾಟಕದ ಮುಂಚೆ ಆ ಸೀರೆ ಸಾಹುಕಾರರ ಅಂಗಡಿಗೆ ಹೋಗಿ, ಭಾಳ ವಿನಯದಿಂದ, "ಸಾವಕಾರ್ರ, ನಿಮಗ ರಾಜನ ಪಾತ್ರ ಇಟ್ಟೇನ್ರಿ. ಆಯೇರಿ ಎಲ್ಲಾ ಅಲ್ಲೇ. ಆಮ್ಯಾಲೆ ಯಾರೂ ಮ್ಯಾಲೆ ಬರಬಾರದ್ರಿ," ಅಂದರು. ಸಾಹುಕಾರರು ಉಬ್ಬಿಹೋದರು.

ನನ್ನ ಅಪ್ಪ ನೇಯ್ದ ಸೀರೆಗೆ ದಿನಾ ಒಂದು ಐಬು ತೆಗೆಯುತ್ತಿದ್ದ ಮನುಷ್ಯ ಅಂದು ರುಮಾಲು ಸುತ್ತಿಕೊಂಡು ಬಂದು, ನಡುಬಗ್ಗಿಸಿ, ನನ್ನ ಕಾಲ ಬುಡದಲ್ಲಿ ತಟ್ಟೆ ಇಟ್ಟರು. ನಾನು ಅಕ್ಕೋರು ಕಲಿಸಿದ ಹಾಗೆ ಗದ್ದ ಮಾತ್ರ ಅಲ್ಲಾಡಿಸಿದೆ. ಎಡಗಡೆ ಪರದೆಯ ಮರೆಯಲ್ಲಿ ಅಕ್ಕೋರು ಯಾವಾಗಲೂ ಮಾತು ಎತ್ತಿಕೊಡಲು ನಿಲ್ಲುತ್ತಿದ್ದರು. ಓರೆಗಣ್ಣಿನಿಂದ ನೋಡಿದರೆ ಬಾಯಲ್ಲಿ ಸೆರಗು ತುರುಕಿಕೊಂಡು ನಗುತ್ತಿದ್ದರು, ಕಣ್ಣಲ್ಲಿ ನೀರು. ಮರುದಿನ ಅಪ್ಪನ ಜೊತೆ ಅಂಗಡಿಗೆ ಹೋದಾಗ ಸಾಹುಕಾರರು ಕೇಳಿದರು, "ನಿನ್ನಿ ನಂದು ಹೆಂಗಾತು?" ಛಲೋ ಬಾಗಿದ್ರಿ ಎಂದೆ. ಅವರಿಗೆ ಅದೂ ಹೊಗಳಿಕೆಯಾಗಿಯೇ ಕೇಳಿಸಿತು.

ಅಂದಿನಿಂದ ಯಾವ ಊರಿಗೆ ಹೋದರೂ ದರ್ಬಾರಿನಲ್ಲಿ ದೊಡ್ಡವರು ಸಾಲುಗಟ್ಟಿ ಬಾಗಿದರು, ಕೊನೆಯ ಮಾತಿಗೆ ಯಾರೂ ಬಾಯಿ ಹಾಕಲಿಲ್ಲ. ಆ ಎಲೈ ಕೂಡ ಯಾವಾಗಲೋ ನನ್ನ ನಾಲಿಗೆಗೆ ಒಗ್ಗಿತು...

ಆಮೇಲೆ ಅಕ್ಕೋರು ರೇಡಿಯೋಕ್ಕೆ ಬರೆಯತೊಡಗಿದರು. ರೇಡಿಯೋದ ಮೇಲೆ ಅವರಿಗೆ ಪ್ರೀತಿ, ಅಲ್ಲಿ ಯಾರೂ ಹತ್ತಿ ಬರಲು ರಂಗವೇ ಇಲ್ಲ. ಮೊದಲ ಸಲ ರೆಕಾರ್ಡಿಂಗಿಗೆ ಹೋದಾಗ ನಾನು ದರ್ಬಾರಿನ ಮಾತು ಮುಗಿಸಿ, ರೂಢಿಯಂತೆ ಗದ್ದ ಎತ್ತಿ ಸುಮ್ಮನೆ ಕೂತೆ. ಗಾಜಿನ ಆಚೆಯವರು ಕೈ ಬೀಸಿದರು. ಅಕ್ಕೋರು ಮೊಣಕೈಯಿಂದ ತಿವಿದರು: "ಇಲ್ಲಿ ಯಾ ಸಾವಕಾರೂ ಬರಂಗಿಲ್ಲ, ಮುಂದ ಓದು." ಆ ಟೇಪು ಈಗ ಯಾರ ಬಳಿಯೂ ಇಲ್ಲ. ಇಳಕಲ್ಲು ಬಿಟ್ಟ ಮೇಲೆ ಹಳೆಯ ಬಾಗಲಕೋಟೆಯಲ್ಲಿ ಅವರು ಮಾಡಿಕೊಂಡಿದ್ದ ಮನೆಯೂ ಅಣೆಕಟ್ಟಿನ ಹಿನ್ನೀರಿಗೆ ಹೋಯಿತು. ಆಮೇಲೆ ಅವರು ನವನಗರದ ಸಣ್ಣ ಮನೆಯಲ್ಲಿ ಇದ್ದಷ್ಟು ದಿನ ನಾನೊಬ್ಬಳು ಆಗಾಗ ಹೋಗಿ ಬರುತ್ತಿದ್ದೆ. ಸಕ್ಕರೆ ಕಡಿಮೆ ಹಾಕಿ ಚಹಾ ಕೊಡುತ್ತಿದ್ದರು, ನನ್ನ ಉಚ್ಚಾರ ತಿದ್ದುತ್ತಿದ್ದರು.

ಈಗ ಸ್ಮರಣೆಯ ಸಂಜೆಗೆ ಬರುತ್ತೇನೆ. ನಾಟಕ ಉದ್ದವಾಯಿತೆಂದು ನಿರ್ದೇಶಕರು ದರ್ಬಾರನ್ನು ಕತ್ತರಿಸಿದ್ದರು. ಕಥೆಗೆ ಅದರಿಂದ ಏನೂ ಇಲ್ಲ ಎಂದು ನನಗೇ ವಿವರಿಸಿದರು, ಪಾಪ, ಓದಿದವರು. ಆದರೆ ಶಾಲುಗಳನ್ನು ತಂದಾಗಿತ್ತು, ಹಾರಗಳು ಬಾಡುತ್ತಿದ್ದವು, ಗಣ್ಯರಿಗೆ ಮನೆಗೆ ಹೋಗುವ ಅವಸರ. ರಾಣಿಯ ಪಾತ್ರದ ಹುಡುಗಿ ಕತ್ತಿ ಹಿಡಿದು "ಎಲೈ ವಾತಾಪಿಯ ಬಂಡೆಯೇ" ಎಂದಳೋ ಇಲ್ಲವೋ, ಅಧ್ಯಕ್ಷರು ಮೈಕು ಹಿಡಿದು, ಗಣ್ಯರನ್ನು ಕರೆದುಕೊಂಡು ಹತ್ತಿಯೇಬಿಟ್ಟರು. ಹುಡುಗಿ ಕತ್ತಿ ಎಲ್ಲಿಡಬೇಕೆಂದು ತಿಳಿಯದೆ ನಿಂತಳು. ನನ್ನ ಮೈ ಉರಿಯಿತು. ಇಂಥವರನ್ನು ಬಗ್ಗಿಸಲು ಆ ಹೆಂಗಸು ಎಷ್ಟು ತಲೆ ಓಡಿಸಿದ್ದರು.

ಹಿರಿಯ ಕಲಾವಿದೆ ಎಂದು ನನ್ನ ಹೆಸರನ್ನೇ ಮೊದಲು ಕೂಗಿದರು. ಮೊಣಕಾಲು ನೋವು, ಆದರೂ ಹತ್ತಿದೆ. ನನಗೆಂದು ಹಾಕಿದ್ದ ಪ್ಲಾಸ್ಟಿಕ್ ಕುರ್ಚಿ ದಾಟಿ ಹೋಗಿ ಸಿಂಹಾಸನದ ಮೇಲೆ ಕೂತೆ. ಅಧ್ಯಕ್ಷರು ಶಾಲು ಹಿಡಿದು, ಏಳಲಿ ಎಂದು ಕಾದರು. ನಾನು ಏಳಲಿಲ್ಲ. ಫೋಟೋದವನೂ ಕಾದ. ಕಡೆಗೆ ಸಾಹುಕಾರರ ಮಗ ನಡುಬಗ್ಗಿಸಿ, ಹೊಟ್ಟೆ ಅಡ್ಡ ಬಂದರೂ ಬಗ್ಗಿಸಿ, ಶಾಲು ಹೊದಿಸಿದರು. ನಾನು ಗದ್ದ ಅಲ್ಲಾಡಿಸಿದೆ. ಆಮೇಲೆ ಅವರ ಕೈಯಿಂದ ಮೈಕು ತೆಗೆದುಕೊಂಡು ಹೇಳಿದೆ:

"ರಾಣಿ ಮಾತು ಇನ್ನೂ ಮುಗದಿಲ್ಲ. ಎಲ್ಲಾರೂ ಇಳೀರಿ."

ಇಳಿದರು. ಉಳಿದ ಶಾಲುಗಳೂ ಅವರ ಹಿಂದೆಯೇ ಇಳಿದವು. ನಾನು ಸಿಂಹಾಸನ ಬಿಟ್ಟು ಕೆಳಗೆ ಬರಬೇಕೆಂದಾಗ ಹುಡುಗಿ ಮೆಲ್ಲಗೆ ನನ್ನ ತೋಳು ಹಿಡಿದಳು.

"ಅಮ್ಮಾರ, ಬಂಡೆಯೇ ಅಂದ ಮ್ಯಾಲೆ ಏನ್ರಿ? ನನಗ ಮರತೇಹೋತು."

ನನಗೆ ಗೊತ್ತಿತ್ತು, ಎಷ್ಟು ಊರುಗಳಲ್ಲಿ ಆಡಿದ ಮಾತು ಅದು. ಬಾಯಿ ತೆರೆದೆ. ಬಂಡೆಯೇ ಎಂಬಲ್ಲಿಂದ ಮುಂದೆ ಏನೂ ಬರಲಿಲ್ಲ... ರೂಢಿಯಂತೆ ಎಡಗಡೆ ಪರದೆಯ ಕಡೆಗೆ ತಿರುಗಿದೆ. ಅಲ್ಲಿ ಮೈಕಿನವನು ವೈರು ಸುತ್ತುತ್ತಿದ್ದ.