ಟಕ್ಕಪ್ಪನ ಹೆಬ್ಬೆಟ್ಟು

ನಮ್ಮ ಭಾವನವರಿಗೆ ಟಕ್ಕಪ್ಪ ಎಂಬ ಹೆಸರು ಬಿದ್ದದ್ದು ಅವರು ಟಕ್ಕರಾಗಿದ್ದರು ಎಂದಲ್ಲ. ಟಕ್ಕರಾದದ್ದು ಆಮೇಲೆ. ಹೆಸರು ಕೊಟ್ಟದ್ದು ಸ್ವಿಚ್ಚು.

ದೀಪದ ಸ್ವಿಚ್ಚು ತಯಾರಿಸುವ ಕಾರ್ಖಾನೆಯಲ್ಲಿ ಅವರು ಚೆಕ್ಕರ್. ಸಾಲಿನ ಕೊನೆಯಲ್ಲಿ ಎತ್ತರದ ಕುರ್ಚಿ, ಎದುರಿಗೆ ತಗಡಿನ ಟ್ರೇ, ಟ್ರೇ ತುಂಬ ಕಪ್ಪು ಸ್ವಿಚ್ಚುಗಳು. ಒಂದೊಂದನ್ನೂ ಒತ್ತಬೇಕು, ಕೇಳಬೇಕು. ‘ಟಕ್’ ಎಂದರೆ ಬಲಗಡೆ ಡಬ್ಬಿಗೆ, ‘ಟಪ್’ ಎಂದರೆ ಎಡಗಡೆ ಡಬ್ಬಿಗೆ. ದಿನಕ್ಕೆ ಎರಡು ಸಾವಿರ, ಇಪ್ಪತ್ತಾರು ವರ್ಷ. ಅದೇ ಕಾರ್ಖಾನೆಯ ಪ್ಯಾಕಿಂಗ್ ವಿಭಾಗಕ್ಕೆ ನಾನು ಮುಖ್ಯಸ್ಥ. ಹಾಗೆಂದರೆ, ಟೇಪಿನ ಕತ್ತರಿ ನನ್ನ ಜೇಬಿನಲ್ಲಿರುತ್ತಿತ್ತು.

ಆ ಕಾಲದಲ್ಲಿ ಅವರ ಕಿವಿ ಎಂಥದ್ದೆಂದರೆ, ಪಕ್ಕದ ಬೀದಿಯಲ್ಲಿ ಯಾರಾದರೂ ದೀಪ ಆರಿಸಿದರೆ ಇವರು ಕೂತಲ್ಲೇ “ಸ್ಪ್ರಿಂಗು ಸಡಿಲ” ಎನ್ನುತ್ತಿದ್ದರು. ಇರುವೆ ಸೀನಿದರೆ ಅದಕ್ಕೆ ಶೀತವೋ ಮೂಗಿಗೆ ಧೂಳು ಹೋಯಿತೋ ಎಂದು ಹೇಳಬಲ್ಲರೆಂದು ನಾನೇ ಎಲ್ಲ ಕಡೆ ಹಬ್ಬಿಸಿದ್ದೆ. ನಾಲ್ಕು ಜನ ನಂಬಿಯೂ ಇದ್ದರು.

“ಸದ್ದು ಅಂದ್ರೆ ಏನಂದ್ಕೊಂಡಿದ್ದೀಯ?” ಎಂದು ಊಟದ ಬಿಡುವಿನಲ್ಲಿ ನನಗೆ ಪಾಠ ಮಾಡುತ್ತಿದ್ದರು. “ಈ ಕಪ್ಪು ಬೇಕಲೈಟ್ ಇದೆಯಲ್ಲ, ಮುರಿದರೂ ಮುರೀತು, ಬಾಗೋದಿಲ್ಲ. ಒಳಗೆ ಸ್ಪ್ರಿಂಗು ಒದ್ದರೆ ಒದೆತವೆಲ್ಲ ವಾಪಸ್ ಬೆರಳಿಗೇ ಬರುತ್ತೆ. ಹಿತ್ತಾಳೆ ಹೋಗಿ ಹಿತ್ತಾಳೆಗೆ ಬಡಿಯುತ್ತೆ, ಟಕ್! ಜನ ದೀಪ ಹತ್ತಿತಾ ಅಂತ ಕಣ್ಣಲ್ಲಿ ನೋಡೋದು ಆಮೇಲೆ ಕಣೋ. ಮೊದಲು ಟಕ್ ಅನ್ನೋದನ್ನ ಕೇಳಿಯೇ ನಂಬೋದು.”

ನಾನು ಬಾಯಲ್ಲಿ ತುತ್ತಿಟ್ಟುಕೊಂಡು ಹೂಂಗುಟ್ಟುತ್ತಿದ್ದೆ. ಭಾವನ ಪಾಠ, ಬಿಟ್ಟಿ ಬೇರೆ.

ಚೆಕ್ಕರ್ ಆಗುವ ಮೊದಲು ಅವರು ಎಂಟು ವರ್ಷ ಅಚ್ಚಿನ ಯಂತ್ರಗಳ ನಡುವೆ ನಿಂತವರು. ಆ ಯಂತ್ರಗಳು ಸುಮ್ಮನಿದ್ದಾಗಲೇ ಗುಡುಗಿನಂತೆ ಕೇಳಿಸುತ್ತಿದ್ದವು, ಇನ್ನು ಓಡುವಾಗ ಹೇಳುವುದೇನು. ಅಷ್ಟೂ ಸದ್ದನ್ನು ಕಿವಿ ಆಗ ನುಂಗಿಕೊಂಡಿತ್ತು. ಐವತ್ತು ದಾಟಿದ ಮೇಲೆ ಅಜೀರ್ಣವಾಯಿತು.

ನನಗೆ ಅದು ಗೊತ್ತಾದದ್ದು ಒಂದು ಭಾನುವಾರ. ಅಕ್ಕನ ಮನೆಗೆ ಊಟಕ್ಕೆ ಹೋಗಿದ್ದೆ. ಅಡುಗೆಮನೆಯ ಬಾಗಿಲಲ್ಲಿ ನಿಂತ ಅಕ್ಕ, ಮಧ್ಯಾಹ್ನದ ಹೊತ್ತಿನಲ್ಲಿ, ನಡುಮನೆಯ ದೀಪವನ್ನು ಎರಡು ಸಲ ಹತ್ತಿಸಿ ಆರಿಸಿದಳು. ಭಾವ ಪೇಪರ್ ಮಡಿಸಿಟ್ಟು ಕೈ ತೊಳೆಯಲು ಎದ್ದರು.

“ಇದೇನಕ್ಕಾ, ಮನೇಲಿ ರೈಲು ನಿಲ್ಲಿಸ್ತಿದ್ದೀಯಾ?”

“ಮತ್ತೇನೋ ಮಾಡ್ಲಿ? ಕೂಗಿ ಕೂಗಿ ಗಂಟಲು ಬಿದ್ದುಹೋಯ್ತು. ಊಟಕ್ಕೆ ಬನ್ನಿ ಅಂದ್ರೆ ಎದುರುಮನೆಯವರು ಬರ್ತಾರೆ, ಇವರು ಬರಲ್ಲ.”

“ಎಷ್ಟು ದಿನದಿಂದ?”

“ನಾಲ್ಕು ವರ್ಷದಿಂದ. ಎದುರಿಗಿದ್ದರೆ ತುಟಿ ನೋಡಿ ತಿಳ್ಕೋತಾರೆ. ಕಾರ್ಖಾನೇಲಿ ಬಾಯಿಬಿಟ್ಟರೆ ನಿನಗೆ ಈ ಮನೇಲಿ ನೀರೂ ಇಲ್ಲ, ನೆನಪಿರಲಿ.”

ನಾನು ಭಾವನ ಎದುರಿಗೆ ಹೋಗಿ, ತುಟಿ ಕಾಣುವಂತೆ ಕೇಳಿದೆ: “ಅಲ್ಲ ಭಾವ, ಕಿವಿ ಕೇಳದೆ ಟಕ್ ಯಾವುದು ಟಪ್ ಯಾವುದು ಹೇಗೆ ಗೊತ್ತಾಗುತ್ತೆ ನಿಮಗೆ?”

ಅವರು ಬಲಗೈ ಹೆಬ್ಬೆಟ್ಟು ಎತ್ತಿ ತೋರಿಸಿದರು. “ಕಿವಿ ಬಾಗಿಲು ಹಾಕ್ಕೊಂಡ ಮೇಲೆ ಇದು ತೆಗೀತು.”

ಹೆಬ್ಬೆಟ್ಟಿನ ತುದಿ ಸವೆದು ಗಾಜಿನಂತಾಗಿತ್ತು. ಅದರಲ್ಲಿ ಮುಖ ನೋಡಿಕೊಂಡು ತಲೆ ಬಾಚಬಹುದಿತ್ತು. ಆ ನಾಲ್ಕು ವರ್ಷದಲ್ಲಿ ಒಂದು ಕೆಟ್ಟ ಸ್ವಿಚ್ಚೂ ಅವರನ್ನು ದಾಟಿ ಹೋಗಿರಲಿಲ್ಲ.

ಹಾಗಿದ್ದ ಮೇಲೆ ಮುಚ್ಚಿಡುವುದೇಕೆ ಎನ್ನುತ್ತೀರಿ. ಕಾರ್ಖಾನೆಯ ನಿಯಮವಿತ್ತು: ಚೆಕ್ಕರ್‌ಗೆ ಕಿವಿ ಬೇಕು, ಕಿವಿ ಮಂದವಾದವನು ಪ್ಯಾಕಿಂಗ್‌ಗೆ. ಪ್ಯಾಕಿಂಗ್ ಎಂದರೆ ನಾನು. ಹೆಂಡತಿಯ ತಮ್ಮನ ಕೈಕೆಳಗೆ ಡಬ್ಬಿಗೆ ಟೇಪು ಅಂಟಿಸುವುದಕ್ಕಿಂತ ಅಚ್ಚಿನ ಯಂತ್ರಕ್ಕೆ ತಲೆ ಕೊಡುವುದು ವಾಸಿ ಎಂಬುದು ಭಾವನ ಖಚಿತ ಅಭಿಪ್ರಾಯವಾಗಿತ್ತು. ಹೀಗೆ ಟಕ್ಕಪ್ಪನವರು ಹೆಸರಿಗೆ ತಕ್ಕ ಟಕ್ಕರಾದರು. ಎಲ್ಲರೂ ನೋಡುವಾಗ ಸ್ವಿಚ್ಚನ್ನು ಕಿವಿಯ ಹತ್ತಿರ ಹಿಡಿದು, ಕಣ್ಣು ಮುಚ್ಚಿ, ಸಂಗೀತ ಕೇಳಿದವರಂತೆ ತಲೆಯಾಡಿಸುತ್ತಿದ್ದರು.

ಇದು ಮುರಿದದ್ದು ಹೊಸ ಇಂಜಿನಿಯರಮ್ಮ ಬಂದಾಗ. ಚುರುಕಿನ ಹುಡುಗಿ. ಕಪ್ಪು ಬೇಕಲೈಟ್ ಬಿಟ್ಟು ಹೊಸ ಪ್ಲಾಸ್ಟಿಕ್ಕಿನಲ್ಲಿ ಸ್ವಿಚ್ಚು ಮಾಡಿಸಿದಳು. ಹಾಲಿನ ಬಿಳುಪು, ಕೆನೆಯ ನುಣುಪು. ಒಳಗೆ ಗುಂಡಿ ಆಚೀಚೆ ತೂಗಲು ಇದ್ದ ಉಕ್ಕಿನ ಕಡ್ಡಿಯ ಜಾಗದಲ್ಲಿ ನೈಲಾನ್ ಕಡ್ಡಿ. ಆ ಸ್ವಿಚ್ಚಿನ ಹೆಗ್ಗಳಿಕೆಯೇ ಸದ್ದಿಲ್ಲದಿರುವುದು. ಅದನ್ನು ಅವಳು ಯಜಮಾನರಿಗೆ ವಿವರಿಸಿದಳು, ಭಾವನಿಗೆ ಬೆನ್ನು ಹಾಕಿಕೊಂಡು. ತುಟಿ ಕಾಣದ ಮೇಲೆ ಭಾವನಿಗೆ ತಿಳಿಯುವುದೆಲ್ಲಿಂದ?

ಯಜಮಾನರು ಒಂದು ಬಿಳಿ ಸ್ವಿಚ್ಚನ್ನು ಟ್ರೇಯಲ್ಲಿಟ್ಟು, “ನೋಡಪ್ಪ ಟಕ್ಕಪ್ಪ, ಇದು ಹೇಗಿದೆ ಹೇಳು” ಎಂದರು.

ಭಾವ ಕಿವಿಯ ಹತ್ತಿರ ಹಿಡಿದರು. ಕಣ್ಣು ಮುಚ್ಚಿದರು. ಒತ್ತಿದರು. ಮುಖ ಹುಳಿಯಾಯಿತು.

“ಟಪ್ ಅಂತಿದೆ ಯಜಮಾನ್ರೇ. ಸದ್ದೇ ಸರಿ ಇಲ್ಲ. ಎಡಗಡೆ ಡಬ್ಬಿಗೆ.”

“ಟಪ್ಪಾ?” ಎಂದರು ಯಜಮಾನರು. “ಇದರಲ್ಲಿ ಸದ್ದೇ ಇಲ್ಲವಲ್ಲಯ್ಯಾ!”

ಇಂಜಿನಿಯರಮ್ಮ ಮೆಲ್ಲಗೆ ಭಾವನ ಹಿಂದೆ ಹೋಗಿ ಎರಡು ಕೈ ಸೇರಿಸಿ ಚಪ್ಪಾಳೆ ಹೊಡೆದಳು. ಗೋಡೆ ಗಡಿಯಾರ ಬೆಚ್ಚಿ ಐದು ನಿಮಿಷ ಮುಂದಕ್ಕೆ ಹೋಯಿತು. ಭಾವ ತಿರುಗಲಿಲ್ಲ.

ಮರುದಿನ ಬೆಳಗ್ಗೆ ಅವರು ನನ್ನ ಟೇಬಲ್ಲಿನ ಮುಂದೆ ನಿಂತಿದ್ದರು.

“ಅಪ್ಪಣೆಯಾಗಲಿ, ಸಾಹೇಬ್ರೇ,” ಎಂದರು.

“ಭಾವ, ಹಾಗೆಲ್ಲ ಅನ್ನಬೇಡಿ.”

“ಕೇಳಿಸಲಿಲ್ಲ,” ಎಂದು ಟೇಪು ಕೈಗೆತ್ತಿಕೊಂಡರು. ತುಟಿ ನೋಡಿಯೇ ಇದ್ದರು, ಅದು ನನಗೂ ಗೊತ್ತು. ಆ ವಾರ ಅಕ್ಕ ನನಗೆ ಕಾಫಿಯನ್ನು ಲೋಟದ ಅರ್ಧಕ್ಕಷ್ಟೇ ಕೊಟ್ಟಳು.

ಎತ್ತರದ ಕುರ್ಚಿಯ ಜಾಗಕ್ಕೆ ಒಂದು ಯಂತ್ರ ಬಂತು. ಸ್ವಿಚ್ಚನ್ನು ಒತ್ತಿ ಬಲ್ಬು ಹತ್ತಿದರೆ ಪಾಸು. ಎಲ್ಲ ಬಿಳಿ ಸ್ವಿಚ್ಚುಗಳೂ ಪಾಸು. ನಮ್ಮಲ್ಲಿಗೆ ಬಂದ ಮೇಲೆ ಭಾವ ಮಾತ್ರ ಒಂದೊಂದನ್ನೂ ಮತ್ತೆ ಒತ್ತಿ ನೋಡಿಯೇ ಡಬ್ಬಿಗೆ ಹಾಕುತ್ತಿದ್ದರು. “ಭಾವ, ನಮ್ಮ ಕೆಲಸ ಕಟ್ಟೋದು, ಒತ್ತೋದಲ್ಲ” ಎಂದೆ. ಆ ಮಾತನ್ನು ಅವರು ಕಿವಿಗೆ ಹಾಕಿಕೊಳ್ಳಲಿಲ್ಲ. ಆ ಸೌಲಭ್ಯ ಅವರಿಗೆ ದೇವರೇ ಕೊಟ್ಟದ್ದು. ತೆಗೆದಿಡುವ ಅಧಿಕಾರವಿಲ್ಲದ್ದರಿಂದ, ಮನಸ್ಸಿಗೆ ಬಾರದ ಸ್ವಿಚ್ಚಿನ ಡಬ್ಬಿಯ ಮೂಲೆಗೆ ಪೆನ್ಸಿಲಿನಲ್ಲಿ ಒಂದು ಚುಕ್ಕೆ ಇಟ್ಟು ಕಳಿಸುತ್ತಿದ್ದರು. ಸಂಜೆಯ ಹೊತ್ತಿಗೆ ನಮ್ಮ ಡಬ್ಬಿಗಳಿಗೆಲ್ಲ ಸಿಡುಬು ಎದ್ದಂತೆ ಕಾಣುತ್ತಿತ್ತು.

ಎರಡು ತಿಂಗಳಾದ ಮೇಲೆ ಸ್ವಿಚ್ಚುಗಳು ತವರಿಗೆ ಬರತೊಡಗಿದವು. ದೀಪ ಬಚ್ಚಲ ಒಳಗೆ, ಸ್ವಿಚ್ಚು ಹೊರಗೆ ಇರುವ ಮನೆಗಳದ್ದೇ ಹೆಚ್ಚು ದೂರು. ಒಂದು ಮನೆಯಲ್ಲಿ ಗಂಡ ಒತ್ತಿದನಂತೆ. ಹತ್ತಿತೋ ಇಲ್ಲವೋ ಎಂದು ಹೆಂಡತಿ ಇನ್ನೊಮ್ಮೆ ಒತ್ತಿದಳಂತೆ. ಇಬ್ಬರನ್ನೂ ನಂಬದ ಅತ್ತೆ ಬಂದು ಮತ್ತೊಮ್ಮೆ ಒತ್ತಿದರಂತೆ. ಹಾಗೆ ಒತ್ತುತ್ತ ಒತ್ತುತ್ತ ಮೂರು ದಿನ ಆ ಮನೆಯಲ್ಲಿ ಯಾರೂ ಸ್ನಾನವನ್ನೇ ಮಾಡಲಿಲ್ಲವಂತೆ. ಅದು ನನ್ನ ಸೇರ್ಪಡೆ. ಆದರೆ ಗುಂಡಿ ಅರ್ಧಕ್ಕೇ ನಿಂತು ಒಳಗೆ ಕಿಡಿ ಹಾರಿದ್ದು ನಿಜ. ಯಂತ್ರ ಗಟ್ಟಿಯಾಗಿ ಒತ್ತುತ್ತದೆ, ಮನುಷ್ಯ ನಂಬಿಕೆ ಬರುವಷ್ಟೇ ಒತ್ತುತ್ತಾನೆ.

ಇಂಜಿನಿಯರಮ್ಮ ಕೈತುಂಬ ಖಾಲಿ ಡಬ್ಬಿ ಹಿಡಿದು ಪ್ಯಾಕಿಂಗ್‌ಗೆ ಬಂದಳು.

“ವಾಪಸ್ ಬಂದ ಡಬ್ಬಿಗೆಲ್ಲ ಈ ಚುಕ್ಕೆ ಇದೆ. ಯಾರು ಹಾಕಿದ್ದು?”

ನಾನು ಭಾವನ ಕಡೆ ಬೆರಳು ಮಾಡಿದೆ. ಅವಳು ಸುತ್ತಿ ಬಂದು ಅವರ ಎದುರಿಗೇ ನಿಂತಳು. ಈ ಸಲ ಬೆನ್ನು ಹಾಕಲಿಲ್ಲ.

“ಏನಾಗಿದೆ ಇವಕ್ಕೆ, ಟಕ್ಕಪ್ಪನವರೇ?”

“ನಿಮ್ಮ ನೈಲಾನ್ ಮೆದು, ಅಮ್ಮ. ಸ್ಪ್ರಿಂಗು ಒದೆಯೋ ಮುಂಚೆ ಕಡ್ಡಿ ತಾನೇ ಬಾಗಿಬಿಡುತ್ತೆ. ಅರ್ಧ ಒದೆತ ಅಲ್ಲೇ ಕರಗಿಹೋಯ್ತು. ಬೆರಳಿಗೆ ಏನೂ ಬರಲ್ಲ.”

“ಹಾಗಾದ್ರೆ ಜನಕ್ಕೆ ಸದ್ದು ಬೇಕೇ ಬೇಕು ಅಂತೀರಾ?”

“ಸದ್ದು ಯಾರಿಗೆ ಬೇಕು? ನಾನು ಕೇಳಿ ನಾಲ್ಕು ವರ್ಷ ಆಯ್ತು. ಒತ್ತಿದವರಿಗೆ ಒಂದು ಉತ್ತರ ಬೇಕು, ಅಷ್ಟೇ.”

ಮಾರನೆಯ ದಿನ ಅವಳು ನಲವತ್ತು ಬಿಳಿ ಸ್ವಿಚ್ಚು ತಂದಳು. ಹತ್ತರಲ್ಲಿ ಮಾತ್ರ ನೈಲಾನ್ ತೆಗೆದು ಹಳೆಯ ಉಕ್ಕಿನ ಕಡ್ಡಿ ಹಾಕಿಸಿದ್ದಳು. ಪ್ಲಾಸ್ಟಿಕ್ಕು ಹೊಸದೇ ಆದ್ದರಿಂದ ಸದ್ದು ಅವುಗಳಲ್ಲೂ ಇರಲಿಲ್ಲ. ಯಾವುದರಲ್ಲಿ ಎಂಬುದು ಅವಳ ಪುಸ್ತಕದಲ್ಲಿ ಮಾತ್ರ ಇತ್ತು. ಯಜಮಾನರೂ ಬಂದು ನಿಂತರು. ಭಾವ ಈ ಸಲ ಕಿವಿಯ ಹತ್ತಿರ ಹಿಡಿಯುವ ನಾಟಕ ಮಾಡಲಿಲ್ಲ. ಟೇಬಲ್ಲಿನ ಮೇಲಿಟ್ಟೇ ಒತ್ತಿದರು. ಮುಗಿದಾಗ ಬಲಗಡೆ ಹತ್ತು, ಎಡಗಡೆ ಮೂವತ್ತು. ಅವಳು ಪುಸ್ತಕ ನೋಡಿದಳು, ಮತ್ತೆ ನೋಡಿದಳು. ಒಂದೂ ತಪ್ಪಿರಲಿಲ್ಲ.

“ಅಲ್ಲಮ್ಮ, ಕಿವುಡನನ್ನ ಚೆಕ್ಕರ್ ಮಾಡೋದು ಹೇಗೆ?” ಎಂದರು ಯಜಮಾನರು.

“ಸದ್ದಿಲ್ಲದ ಸ್ವಿಚ್ಚಿಗೆ ಕಿವಿ ಯಾಕೆ, ಸರ್?”

ಕಡ್ಡಿ ಮತ್ತೆ ಉಕ್ಕಿನದಾಯಿತು. ಭಾವ ಮತ್ತೆ ಎತ್ತರದ ಕುರ್ಚಿ ಹತ್ತಿದರು. ಹತ್ತುವ ಮೊದಲು ನನ್ನ ಟೇಬಲ್ಲಿಗೆ ಬಂದು, “ನಿನ್ನ ಟೇಪು ಸರಿಯಾಗಿ ಅಂಟ್ತಾ ಇಲ್ಲ ಕಣಯ್ಯ, ನೋಡ್ಕೋ” ಎಂದು ಹೇಳಿಹೋದರು. ಓದಿ ಬರೆದವರ ನಡುವೆ ಹೆಬ್ಬೆಟ್ಟಿನವನೇ ಗೆದ್ದ ಎಂದು ಕ್ಯಾಂಟೀನಿನಲ್ಲಿ ವಾರವಿಡೀ ನಗೆ.

ಇನ್ನು ಮುಚ್ಚಿಡುವುದೇನೂ ಇರಲಿಲ್ಲ. ಅಕ್ಕನ ಉಪಾಯವನ್ನು ನಾನೇ ಇಂಜಿನಿಯರಮ್ಮನಿಗೆ ಹೇಳಿದೆ. ಕುರ್ಚಿಯ ಮೇಲೊಂದು ಬಲ್ಬು ಹಾಕಿಸಿ, ಸ್ವಿಚ್ಚನ್ನು ಅವಳ ಟೇಬಲ್ಲಿನ ಹತ್ತಿರ ಕೂರಿಸಿದರು. ಕರೆಯಬೇಕಾದರೆ ಎರಡು ಸಲ ಒತ್ತಿದರಾಯಿತು. ಮೊದಲ ದಿನ ಅವಳು ಒತ್ತಿದಳು. ಬಲ್ಬು ಮಿಣುಕಿತು. ಭಾವ ತಲೆ ಕೂಡ ತಿರುಗಿಸದೆ ಗಟ್ಟಿಯಾಗಿ ಸಾರಿದರು:

“ಆ ಸ್ವಿಚ್ಚು ನಮ್ಮದಲ್ಲ. ಬೇರೆ ಕಂಪನಿದು. ಬೆಳಕು ನೋಡಿದ್ರೇ ಗೊತ್ತಾಗುತ್ತೆ.”

ಬಿಚ್ಚಿ ನೋಡಿದೆವು. ನಮ್ಮದೇ. ನಾನು ಅವರ ಬೆನ್ನ ಹಿಂದೆ ನಿಂತು, “ಭಾವ, ಇದು ನಮ್ಮದೇ!” ಎಂದು ಕೂಗಿ ಹೇಳಿದೆ. ಪುಣ್ಯಕ್ಕೆ ಅವರಿಗೆ ಕೇಳಿಸಲಿಲ್ಲ.